ಪುಟ್ಟಮಾದುವಿನ ಮುತ್ತಾತ

ಇಂಗ್ಲೆಂಡಿನಿಂದ ಆ ನೀಲಿ ಲಕೋಟೆ ಬೇಗೂರಿಗೆ ಬಾರದೆ ಹೋಗಿದ್ದರೆ ಪುಟ್ಟಮಾದು ಆ ಶನಿವಾರ ಬೆಳಿಗ್ಗೆ ನೆಮ್ಮದಿಯಾಗಿ ಕಾಫಿ ಕುಡಿದು, ಮಗಳನ್ನು ನೋಡಲು ಬರುವ ಬೀಗರಿಗಾಗಿ ಜಮಖಾನ ಒದರುತ್ತಾ ಇರುತ್ತಿದ್ದ. ಆದರೆ ಲಕೋಟೆ ಬಂತು. ಅವನು ಗಂಟೆ ಹೊಡೆಯುವ ಹೈಸ್ಕೂಲಿನ ಹೆಡ್‌ಮಾಸ್ಟರ ಹೆಸರಿಗೇ ಬಂತು. ಕೈಗೆ ಬಂದದ್ದನ್ನೆಲ್ಲ ಇನ್ನೊಬ್ಬರ ಕೈಗೆ ದಾಟಿಸುವುದು ಹೆಡ್‌ಮಾಸ್ಟರ ಪದ್ಧತಿ. ಅದನ್ನು ಚರಿತ್ರೆ ಪಾಠದ ರಘುನಾಥ ಮೇಷ್ಟರಿಗೆ ದಾಟಿಸಿದರು. ಪುಟ್ಟಮಾದುವಿನ ಗ್ರಹಚಾರ ಅಲ್ಲಿಂದ ಶುರುವಾಯಿತು.

ರಘುನಾಥ ಮೇಷ್ಟರು ಹನ್ನೊಂದು ವರ್ಷದಿಂದ ಬೇಗೂರು ಹೋಬಳಿಯ ಚರಿತ್ರೆ ಬರೆಯುತ್ತಿದ್ದರು. ಪಾಪ, ಅವರ ಕೈಗೆ ಸಿಕ್ಕಿದ ಹಳೇ ಕಾಗದಗಳಲ್ಲಿ ಮಳೆ ಬೆಳೆ ಕೆರೆ ಕಾಲುವೆ ಬಿಟ್ಟರೆ ಒಂದು ಕತ್ತಿಕಾಳಗವೂ ಇರಲಿಲ್ಲ, ಒಬ್ಬ ರಾಣಿಯೂ ಓಡಿಹೋಗಿರಲಿಲ್ಲ. ಅಂಥವರಿಗೆ ಈ ಕಾಗದ ಸಿಕ್ಕಿತು. ಬರೆದವನು ಹಾರ್ಟ್ಲಿ ಎಂಬ ಇಂಗ್ಲಿಷಿನವನು. ನೂರು ವರ್ಷದ ಹಿಂದೆ ಅವನ ಮುತ್ತಾತ ಬೇಗೂರಿನ ಹಳೇ ಬಂಗಲೆಯಲ್ಲಿದ್ದುಕೊಂಡು ರಸ್ತೆ ಮಾಡಿಸಿದನಂತೆ. ಅವನ ಕಾಗದಗಳಲ್ಲಿ ಮಾದ ಎಂಬ ಊರಿನವನೊಬ್ಬನ ಹೆಸರು ಪ್ರೀತಿಯಿಂದ ಬಂದಿದೆಯಂತೆ. ಆ ಮಾದನ ವಂಶದವರನ್ನು ಕಾಣಲು ಶನಿವಾರ ಸಾಯಂಕಾಲ ಬರುತ್ತಾನಂತೆ.

ಯಾವನೋ ಮಾದನಿಗಾಗಿ ಬಿಳಿಯನೊಬ್ಬ ಸಮುದ್ರ ದಾಟಿ ಬರುತ್ತಾನೆಂದರೆ ಏನರ್ಥ? ರಕ್ತದ ಸೆಳೆತ, ಮತ್ತೇನು ಎಂದು ಮೇಷ್ಟರು ತೀರ್ಮಾನಿಸಿದರು. ಮಾದ ಆ ದೊರೆಯ ಮಗನೇ ಇರಬೇಕು. ಪುಟ್ಟಮಾದುವಿನ ಮುತ್ತಾತನ ಹೆಸರೂ ಮಾದ. ಆತ ಬಂಗಲೆ ಕಡೆ ಓಡಾಡಿಕೊಂಡಿದ್ದ ಎಂಬ ಮಾತು ಊರಿನಲ್ಲಿತ್ತು. ಎಲ್ಲಕ್ಕಿಂತ ಮಿಗಿಲಾಗಿ, ಪುಟ್ಟಮಾದುವಿಗೆ ಬೆಕ್ಕಿನ ಕಣ್ಣು. ಹಸಿರೋ ಬೂದಿಯೋ ಹೇಳಲಾಗದ ಬಣ್ಣ. ಶುಕ್ರವಾರ ಸಂಜೆ ಬಸ್‌ಸ್ಟ್ಯಾಂಡಿನ ಹೋಟಲಿನಲ್ಲಿ ಮೇಷ್ಟರು ಇದನ್ನು ಮೂವರಿಗೆ ಗುಟ್ಟಾಗಿ ಹೇಳಿದರು. ಶನಿವಾರ ಹಾಲು ಕರೆಯುವ ಹೊತ್ತಿಗೆ ಹೆದ್ದಾರಿಯ ಉದ್ದಕ್ಕೂ ಅದು ಗೊತ್ತಿತ್ತು.

ಪುಟ್ಟಮಾದುವಿಗೆ ಗೊತ್ತಾದದ್ದು ಎದುರುಮನೆ ಚಿಕ್ಕನಿಂಗಮ್ಮನಿಂದ. ಸಗಣಿ ಬುಟ್ಟಿ ಸೊಂಟದಲ್ಲಿಟ್ಟುಕೊಂಡೇ ಒಳಗೆ ಬಂದಳು.

"ಅಲ್ಲ ಕಣ್ಲಾ ಮಾದು, ನೀನು ದೊರೆ ಮೊಮ್ಮಗ ಅಂತೆ, ಒಂದ್ ಮಾತು ಯೋಳ್ಬಾರ್ದ? ಅದಕ್ಕೇ ನಿಮ್ಮಪ್ಪ ನೆಲದ ಮ್ಯಾಲೆ ಕೂತ್ಕತಿರ್ನಿಲ್ಲ, ಯಾವಾಗ್ಲೂ ಜಗಲಿ ಮ್ಯಾಲೇ."

"ನಮ್ಮಪ್ಪಂಗೆ ಮಂಡಿನೋವಿತ್ತು ಕಣಕ್ಕ," ಅಂದ ಪುಟ್ಟಮಾದು.

ಹಿಂದೆಯೇ ರಘುನಾಥ ಮೇಷ್ಟರೂ ನೋಟ್‌ಬುಕ್ಕು ಹಿಡಿದು ಬಂದರು. ಅವರು ಬಂದ ವಿಷಯ ಪೂರ್ತಿ ಹೇಳಿ ಮುಗಿಸುವಷ್ಟರಲ್ಲಿ ಪುಟ್ಟಮಾದುವಿನ ತಾಯಿ ಮರಿತಾಯಮ್ಮ ಪೊರಕೆ ಸಮೇತ ಹೊರಗೆ ಬಂದಳು. ಎಪ್ಪತ್ತೆರಡು ವರ್ಷವಾದರೂ ಕೈಯಲ್ಲಿ ಪೊರಕೆ ಇದ್ದಾಗ ಆಕೆ ನಲವತ್ತರವಳು.

"ಮೇಷ್ಟ್ರೇ, ಯಾರ ಮ್ಯಾಲೆ ಮಾತಾಡ್ತಾ ಇದ್ದರಿ ಗೊತ್ತಾ? ಮಾದನ ಅವ್ವ ಅಂದ್ರೆ ನಮ್ಮತ್ತೆ ಅತ್ತೆ ಅತ್ತೆ. ಮುಟ್ಟುದ್ರೆ ಮಡಿ, ಮಾತಾಡುದ್ರೆ ಮಡಿ ಅಂತ ಬಾಳಿದ ಎಂಗ್ಸು. ಆವಮ್ಮನ ಮ್ಯಾಲೆ ದೊರೆನ ತಂದು ಕೂರ್ಸ್ತಿರಲ್ಲ, ನಿಮ್ಮ ಬಾಯಿಗೆ ಉಳ ಬೀಳ."

"ಅಮ್ಮಾ, ಇದು ಚರಿತ್ರೆ. ಕೋಪ ಮಾಡ್ಕೋಬಾರ್ದು. ಈ ಕಣ್ಣು ನೋಡಿ, ಇದಕ್ಕಿಂತ ಸಾಕ್ಷಿ ಬೇಕಾ?"

"ಆ ಕಣ್ಣು ನಮ್ಮಪ್ಪಂದು. ನಮ್ ತವರು ಮನೇಲಿ ಎಮ್ಮೆಗೂ ಬೆಕ್ಕಿನ ಕಣ್ಣೇ. ಯಾರಾರ ಕೇಳಿದ್ರ ನನ್ನ?"

ಮೇಷ್ಟರು ಅದನ್ನು ಬರೆದುಕೊಳ್ಳಲಿಲ್ಲ. ತಾಯಿಯ ಕಡೆಯ ವಂಶ ಅವರ ಅಧ್ಯಾಯಕ್ಕೆ ಹೊಂದುತ್ತಿರಲಿಲ್ಲ. ಇಸವಿ ಸರಿಹೊಂದುತ್ತದೆಯೇ ಎಂದು ಪುಟ್ಟಮಾದು ಕೇಳಿದ್ದಕ್ಕೆ, "ಚರಿತ್ರೇಲಿ ಹತ್ತು ಇಪ್ಪತ್ತು ವರ್ಷ ಹಿಂದೆ ಮುಂದೆ ಆಗೋದು ಸಹಜ" ಎಂದರು. ಆಮೇಲೆ ಪೊರಕೆ ಮೇಲಕ್ಕೆದ್ದದ್ದರಿಂದ ಚರಿತ್ರೆ ಸದ್ಯಕ್ಕೆ ಬೀದಿಗಿಳಿಯಿತು.

ಇಷ್ಟೇ ಆಗಿದ್ದರೆ ಪುಟ್ಟಮಾದು ನಕ್ಕು ಸುಮ್ಮನಾಗುತ್ತಿದ್ದ. ಏಳೂವರೆಗೆ ಅಂಗಡಿ ಬೂತಿಗೆ ಫೋನು ಬಂತು. ಆ ಕಡೆ ಇದ್ದವರು ಹರವೆಯ ನಾಗಯ್ಯ. ಆವತ್ತು ನಾಲ್ಕು ಗಂಟೆಗೆ ಕುಮಾರಿಯನ್ನು ನೋಡಲು ಬರಬೇಕಾಗಿದ್ದ ಗಂಡಿನ ತಂದೆ. ನಿವೃತ್ತ ವಿಲೇಜ್ ಅಕೌಂಟೆಂಟು. ಮೂವತ್ತು ವರ್ಷ ಪಹಣಿ ಬರೆದೂ ಬರೆದೂ ಅವರಿಗೆ ಮನುಷ್ಯರೂ ಸರ್ವೆ ನಂಬರಿನ ಹಾಗೆಯೇ ಕಾಣುತ್ತಿದ್ದರು.

"ಪುಟ್ಟಮಾದು ಅವರೇ, ನಾನೇನೋ ಕೇಳ್ಪಟ್ಟೆ. ನಿಮ್ಮ ವಂಶದಲ್ಲಿ ದೊರೆ ಒತ್ತುವರಿ ಆಗಿದೆಯಂತೆ. ನಮ್ಮದು ಕುಲ ನೋಡಿ ತರೋ ಮನೆ. ಸಂಜೆ ಬರ್ತೀವಿ. ಆದರೆ ಏಳು ತಲೆ ಪಹಣಿ ಸರಿಯಾಗಿ ಇತ್ಯರ್ಥ ಆಗ್ಬೇಕು. ಇಲ್ಲದಿದ್ರೆ ಕಾಫೀನೂ ಕುಡಿಯಲ್ಲ."

ಪುಟ್ಟಮಾದು ಮನೆಗೆ ಬಂದು ಹೇಳಿದಾಗ ಹೆಂಡತಿ ಶಾಂತಮಲ್ಲಮ್ಮ ರವೆ ಹುರಿಯುತ್ತಿದ್ದ ಬಾಣಲೆಯನ್ನು ಹಾಗೇ ಕೆಳಗಿಳಿಸಿದಳು. ಕುಮಾರಿ ಮಾತ್ರ ಅಡಿಗೆಮನೆ ಬಾಗಿಲಿಗೆ ಒರಗಿ ನಿಂತು ತಲೆ ತಗ್ಗಿಸಿ ಅಂದಳು, "ಅಪ್ಪ, ಇದು ತಪ್ಪೋದ್ರೆ ನಂಗೆ ಬೇರೆ ಕಡೆ ನೋಡ್ಬೇಡಿ."

ಅವಳು ಗುಂಡ್ಲುಪೇಟೆಯ ಒಂದು ನರ್ಸರಿ ಶಾಲೆಯಲ್ಲಿ ಪಾಠ ಹೇಳುತ್ತಿದ್ದಳು. ಗಂಡು ಮಾದೇಶ್ ಅಲ್ಲೇ ಕರೆಂಟಿನವರ ಕಚೇರಿಯಲ್ಲಿ ಮೀಟರ್ ರೀಡರು. ಎರಡು ವರ್ಷದಿಂದ ಎಂಟೂ ಹತ್ತರ ಬಸ್ಸಿನಲ್ಲಿ ಒಬ್ಬರನ್ನೊಬ್ಬರು ನೋಡದ ಹಾಗೆ ನೋಡಿಕೊಂಡು ಓಡಾಡಿದ್ದರು. ಇದು ಪುಟ್ಟಮಾದುವಿಗೆ ಗೊತ್ತಿತ್ತು, ಗೊತ್ತಿಲ್ಲದವನ ಹಾಗೆ ಇದ್ದ. ಒಬ್ಬಳೇ ಮಗಳು. ಅವಳ ಮುಖ ಸಣ್ಣಗಾದದ್ದು ಕಂಡು ಅವನು ತಾಯಿಯ ಕಡೆ ತಿರುಗಿದ.

"ಅಳ್ಬ್ಯಾಡ ಕಣಮ್ಮಿ," ಅಂದಳು ಮರಿತಾಯಮ್ಮ. "ಲೇ ಮಾದು, ಹೆಳವನ್ನ ಕರ್ಕಂಬಾ. ಅವನ ವಯಿಲಿ ನಮ್ಮನೆ ಏಳು ತಲೇನೂ ಅದೆ. ಬೀಗ್ರ ಮುಂದೆ ಓದಿಸ್ಬುಡು. ದೊರೆನೂ ಇಲ್ಲ, ಗಿರೆನೂ ಇಲ್ಲ ಅಂತ ಊರಿಗೆಲ್ಲ ಗೊತ್ತಾಗ್ಲಿ."

ಹೆಳವರೆಂದರೆ ಒಕ್ಕಲು ಮನೆಗಳ ವಂಶಾವಳಿಯನ್ನು ವಹಿಯಲ್ಲಿ ಬರೆದಿಟ್ಟುಕೊಂಡು ಕಾಪಾಡುವವರು. ಮೂರು ನಾಲ್ಕು ವರ್ಷಕ್ಕೊಮ್ಮೆ ಎತ್ತಿನ ಮೇಲೆ ಕೂತು ಬಂದು ಬಾಗಿಲಲ್ಲಿ ನಿಂತು ಹಿರೀಕರನ್ನು ಕೊಂಡಾಡುತ್ತಾರೆ. ಹೊಸದಾಗಿ ಹುಟ್ಟಿದವರ ಹೆಸರು ಬರೆದುಕೊಂಡು ರಾಗಿ, ಕಂಬಳಿ, ಚೊಂಬು ಇಸಿದುಕೊಂಡು ಹೋಗುತ್ತಾರೆ. ಈ ಮನೆಯ ಹೆಳವ ದೊಡ್ಡಯ್ಯ ಆ ತಿಂಗಳು ಹರದನಹಳ್ಳಿಯಲ್ಲಿ ಬೀಡುಬಿಟ್ಟಿದ್ದ. ಅಂದರೆ ಪುಟ್ಟಮಾದು ಗುಂಡ್ಲುಪೇಟೆಗೆ ಹೋಗಿ, ಅಲ್ಲಿಂದ ಚಾಮರಾಜನಗರಕ್ಕೆ ಹೋಗಿ, ಅದನ್ನೂ ದಾಟಿ ಹೋಗಿ, ನಾಲ್ಕು ಗಂಟೆಯೊಳಗೆ ಹೆಳವನ ಸಮೇತ ವಾಪಸು ಬರಬೇಕು. ಹೆಗಲಿಗೆ ಟವೆಲು ಹಾಕಿಕೊಂಡು ಓಡಿದ.

ಬಸ್ಸು ಹತ್ತುತ್ತಿದ್ದ ಹಾಗೆ ಕಂಡಕ್ಟರು, "ದೊರೆಗಳಿಗೆ ದಾರಿ ಬುಡಿ" ಅಂದ. ಚಾಮರಾಜನಗರ ಜಿಲ್ಲೆಯಾಗುತ್ತದೋ ಇಲ್ಲವೋ ಎಂದು ಜಗಳಾಡುತ್ತಿದ್ದ ಜನ ಅದನ್ನು ಬಿಟ್ಟು ಇವನ ಕಣ್ಣು ನೋಡತೊಡಗಿದರು. ಒಬ್ಬ ಮುದುಕ ಹತ್ತಿರಕ್ಕೆ ಬಗ್ಗಿ ನೋಡಿ, "ಇರೋದು ನಿಜ ಕನ" ಎಂದು ಹಿಂದಿನ ಸೀಟಿಗೆ ವರದಿ ಮಾಡಿದ. ಗುಂಡ್ಲುಪೇಟೆಯಲ್ಲಿ ಇಳಿದು, ವಯನಾಡಿನ ಬಸ್ಸು ನಿಲ್ಲುವ ಕಡೆ ಇರುವ ಮಲಯಾಳಿ ಕಾಕನ ಅಂಗಡಿಯಲ್ಲಿ ಟೀ ಕೇಳಿದ. ಕಾಕ ಹಾಲಿಲ್ಲದ ಕರಿ ಟೀ ತಂದಿಟ್ಟ. ಯಾಕೆ ಎಂದರೆ, "ಸಾಯಿಪ್ಪಿಗೆ ಹಾಲು ಆಗಲ್ಲ ಅಲ್ವಾ" ಎಂದ. ಅವರ ಭಾಷೆಯಲ್ಲಿ ಸಾಯಿಪ್ಪು ಅಂದರೆ ಬಿಳೀ ಸಾಹೇಬ. ಪುಟ್ಟಮಾದು ಕುಡಿದು ಮುಖ ಕಿವುಚಿಕೊಂಡು ಚಾಮರಾಜನಗರದ ಬಸ್ಸು ಹಿಡಿದ.

ಹರದನಹಳ್ಳಿಯಲ್ಲಿ ಹೆಳವ ದೊಡ್ಡಯ್ಯ ಹುಣಸೆ ಮರದಡಿ ಒಂದು ಹಳೇ ಲೂನಾದ ಪ್ಲಗ್ಗು ಉಜ್ಜುತ್ತಾ ನಿಂತಿದ್ದ. ತಲೆಗೆ ಕೆಂಪು ರುಮಾಲು, ಕಿವಿಗೆ ಒಂಟಿ. ಪುಟ್ಟಮಾದುವನ್ನು ಕಂಡದ್ದೇ ತಡ, ಹೌಹಾರಿ ಒಂದೇ ನೆಗೆತಕ್ಕೆ ಲೂನಾ ಮೇಲೆ ಹತ್ತಿ ಕೂತ.

"ಯಾಕ್ ದೊಡ್ಡಯ್ಯ ಹಿಂಗ್ ಎದ್ರುಕೊಂಡೆ?"

"ಎದ್ರಿಕೆ ಅಲ್ಲ ಒಡೆಯ. ನಮ್ ಮೂಲಪುರುಸಂಗೆ ಕಾಲಿರ್ನಿಲ್ಲ. ಒಕ್ಲಿನೋರ ಕಣ್ಮುಂದೆ ಹೆಳವ ನೆಲಕ್ಕೆ ಕಾಲಿಕ್ಬಾರ್ದು. ಎತ್ತು ಮಾರ್ಬುಟ್ಟೆ, ಇದೇ ಈಗ ನಮ್ ಬಸವ. ಏನ್ ಬಂದ್ರಿ?"

ಪುಟ್ಟಮಾದು ಎಲ್ಲ ಹೇಳಿದ. ಒಂದು ಕಂಬಳಿ, ಒಂದು ಹಿತ್ತಾಳೆ ಚೊಂಬಿಗೆ ದೊಡ್ಡಯ್ಯ ಒಪ್ಪಿದ. ಗುಡಿಸಲೊಳಗಿಂದ ಕೆಂಪು ಬಟ್ಟೆಯಲ್ಲಿ ಸುತ್ತಿದ್ದ ವಹಿಯನ್ನು ಪುಟ್ಟಮಾದುವೇ ಹೋಗಿ ತರಬೇಕಾಯಿತು. ಬಿದ್ದಿದ್ದ ಪ್ಲಗ್ಗು ಹಾಕಿ, ಸ್ಟ್ಯಾಂಡು ತೆಗೆದು, ಲೂನಾ ಸ್ಟಾರ್ಟು ಮಾಡಿಕೊಟ್ಟದ್ದೂ ಅವನೇ. ಆಮೇಲೆ ಹಿಂದೆ ಹತ್ತಿ, ಏಳು ತಲೆಮಾರನ್ನು ತೊಡೆಯ ಮೇಲಿಟ್ಟುಕೊಂಡು ಕೂತ.

ಲೂನಾ ಚಾಮರಾಜನಗರ ದಾಟಿತು. ಸೂರ್ಯಕಾಂತಿ ಹೊಲಗಳ ನಡುವೆ ಒಂದು ಗಂಟೆ ಕೆಮ್ಮಿಕೊಂಡು ಓಡಿತು. ತೆರಕಣಾಂಬಿ ಇನ್ನೂ ಮೂರು ಮೈಲಿ ಇದೆ ಅನ್ನುವಾಗ ನಿಂತುಹೋಯಿತು.

"ಪೆಟ್ರೋಲು ಖಾಲಿ," ಅಂದ ದೊಡ್ಡಯ್ಯ. ಇಳಿಯಲಿಲ್ಲ.

"ಇಳೀರಿ ದೊಡ್ಡಯ್ಯ, ತಳ್ಳನ."

"ನೀವ್ ನೋಡ್ತಾ ಇದ್ದರಲ್ಲ ಒಡೆಯ, ಎಂಗೆ ಇಳೀಲಿ?"

"ನಾನು ಕಣ್ ಮುಚ್ಕತೀನಿ."

"ಅದೂ ದ್ವಾಸ ಒಡೆಯ, ಪಾಪ ಬತ್ತದೆ."

ಹಾಗಾಗಿ ಆವತ್ತು ತೆರಕಣಾಂಬಿ ರಸ್ತೆಯಲ್ಲಿ ಹೋದವರಿಗೆ ಒಂದು ನೋಟ ಸಿಕ್ಕಿತು. ಕೆಂಪು ರುಮಾಲಿನವನೊಬ್ಬ ಲೂನಾ ಮೇಲೆ ನೆಟ್ಟಗೆ ಕೂತು ಹ್ಯಾಂಡಲ್ ತಿರುಗಿಸುತ್ತಿದ್ದ. ಬೆಕ್ಕಿನ ಕಣ್ಣಿನವನೊಬ್ಬ ಕಂಕುಳಲ್ಲಿ ಗಂಟು ಇರುಕಿಕೊಂಡು ಹಿಂದಿನಿಂದ ತಳ್ಳುತ್ತಿದ್ದ. ಒಂದು ಎತ್ತಿನಗಾಡಿ ಇವರನ್ನು ಹಿಂದೆ ಹಾಕಿ ಹೋಯಿತು. ದೊಡ್ಡಯ್ಯ ಹೊತ್ತು ಹೋಗದೆ ಮಾತಿಗಿಳಿದ.

"ಬೀಗ್ರು ಯಾವೂರು ಅಂದ್ರಿ?"

ಪುಟ್ಟಮಾದು ಏದುಸಿರಿನಲ್ಲಿ, "ಹರವೆ" ಅಂದ.

"ಹರವೇಲೂ ನಮ್ ಒಕ್ಲು ಅವ್ರೆ. ನಿಮ್ ವಂಸದ್ದೂ ಹರವೇದೂ ಸೇರಿ ಒಂದ್ ಎಮ್ಮೆ ಕತೆ ಅದೆ. ಬಾಳ ಚಂದಾಗದೆ. ಯೋಳ್ನಾ?"

"ದೊಡ್ಡಯ್ಯ, ನಿಮ್ಮ ದಮ್ಮಯ್ಯ, ಈಗ ಎಮ್ಮೆ ಕತೆ ಬ್ಯಾಡಿ. ಉಸಿರಿಲ್ಲ."

ದೊಡ್ಡಯ್ಯ ಬೇಜಾರಾಗಿ ರುಮಾಲು ಸರಿಮಾಡಿಕೊಂಡ. ಆ ಎಮ್ಮೆ ಕತೆಯನ್ನು ಅಲ್ಲೇ ಕೇಳಿಬಿಟ್ಟಿದ್ದರೆ ಪುಟ್ಟಮಾದು ಲೂನಾವನ್ನು ಅಲ್ಲಿಂದಲೇ ವಾಪಸು ಹರದನಹಳ್ಳಿಗೆ ತಳ್ಳಿಕೊಂಡು ಹೋಗುತ್ತಿದ್ದ. ಕೇಳಲಿಲ್ಲ. ಬಂಕಿನಲ್ಲಿ ಪೆಟ್ರೋಲು ಹಾಕಿಸಿ, ಗುಂಡ್ಲುಪೇಟೆ ಹಾದು, ನಾಲ್ಕೂವರೆಗೆ ಬೇಗೂರಿನ ಮನೆ ಬಾಗಿಲಲ್ಲಿ ಇಳಿದ.

ಅಂಗಳದಲ್ಲಿ ಅರ್ಧ ಊರು ಸೇರಿತ್ತು. ಜಮಖಾನದ ಮೇಲೆ ನಾಗಯ್ಯ ಬಿಳೀ ಪಂಚೆ, ಜೇಬಿಗೆ ಎರಡು ಪೆನ್ನು, ಮುಂದೆ ಆರಿಹೋದ ಕಾಫಿ ಸಮೇತ ಕೂತಿದ್ದರು. ಪಕ್ಕದಲ್ಲಿ ಮಾದೇಶ್ ಬೆವರುತ್ತಿದ್ದ. ಪೊರಕೆಯ ನೆನಪಿದ್ದ ರಘುನಾಥ ಮೇಷ್ಟರು ಗೇಟಿನ ಹೊರಗೇ ಸ್ಟೂಲು ಹಾಕಿಸಿಕೊಂಡಿದ್ದರು. ಹಾರ್ಟ್ಲಿ ದೊರೆ ಇನ್ನೂ ಬಂದಿರಲಿಲ್ಲ, ಅದೊಂದು ಪುಣ್ಯ.

"ಏನಯ್ಯಾ ದೊಡ್ಡಯ್ಯ," ಅಂದರು ನಾಗಯ್ಯ. "ನೀನು ನಮ್ಮನೆ ಹೆಳವನೂ ಹೌದಲ್ಲ? ಒಳ್ಳೇದಾಯ್ತು. ನಂಬಿಕಸ್ಥ. ಓದು."

ದೊಡ್ಡಯ್ಯ ಲೂನಾದ ಮೇಲಿಂದ ಇಳಿಯದೆ ಮೂರು ಸಲ ಹಾರನ್ನು ಬಾರಿಸಿದ. ಮೊದಲಾದರೆ ಎತ್ತಿನ ಗಂಟೆ ಬಾರಿಸುತ್ತಿದ್ದ. "ಒಂದ್ ಮಾತು ಒಡೆಯರೇ. ಬಿಚ್ಚಿದ ವಯಿ ನಡುವೆ ಮುಚ್ಚಂಗಿಲ್ಲ. ಶುರು ಮಾಡಿದ್ ಮ್ಯಾಲೆ ಪೂರ್ತಿ ಓದೇ ತೀರ್ಬೇಕು." ಎಲ್ಲರೂ ಆಗಲಿ ಅಂದರು. ಪುಟ್ಟಮಾದು ಎಲ್ಲರಿಗಿಂತ ಜೋರಾಗಿ ಆಗಲಿ ಅಂದ.

ದೊಡ್ಡಯ್ಯ ರಾಗವಾಗಿ ಶುರು ಮಾಡಿದ. ಮೂಲಪುರುಷ ದೊಡ್ಡಚೆನ್ನ. ಕೆರೆ ಕಟ್ಟಿಸಿದವನು, ಹುಲಿಯನ್ನು ಬಾರುಕೋಲಿನಲ್ಲಿ ಹೊಡೆದವನು. ದೊಡ್ಡಚೆನ್ನನ ಹಿರೀ ಮಗ ಬಸವ. ಬಸವನ ಮಗ ಮಾದ. ಮಾದನ ಮಗ ಚಿಕ್ಕಮಾದ, ಚಿಕ್ಕಮಾದನ ಮಗ ನಂಜ, ನಂಜನ ಮಗ ಪುಟ್ಟಮಾದು, ಪುಟ್ಟಮಾದುವಿನ ಮಗಳು ಕುಮಾರಿ. ಎಲ್ಲೂ ದೊರೆಯಿಲ್ಲ. ಮರಿತಾಯಮ್ಮ ಗೇಟಿನ ಕಡೆ ನೋಡಿ ಗಂಟಲು ಸರಿಮಾಡಿಕೊಂಡಳು. ನಾಗಯ್ಯ ತಲೆದೂಗಿ ಆರಿದ ಕಾಫಿ ಲೋಟ ಎತ್ತಿಕೊಂಡರು. ಒಳಗೆ ಬಳೆ ಸದ್ದಾಯಿತು. ಪುಟ್ಟಮಾದುವಿಗೆ ಮೂರು ಮೈಲಿ ಲೂನಾ ತಳ್ಳಿದ ಕಾಲುನೋವೆಲ್ಲ ಇಳಿದುಹೋಯಿತು.

"ಇನ್ನು ದೊಡ್ಡಚೆನ್ನನ ಕಿರೀ ಮಗ ಮಲ್ಲ," ಎಂದು ದೊಡ್ಡಯ್ಯ ಹಾಳೆ ತಿರುವಿದ.

"ಸಾಕು ದೊಡ್ಡಯ್ಯ, ಉಪ್ಪಿಟ್ಟು ಆರೋಯ್ತದೆ," ಅಂದ ಪುಟ್ಟಮಾದು.

"ನಡುವೆ ಮುಚ್ಚಂಗಿಲ್ಲ. ಕಿರೀ ಮಗ ಮಲ್ಲ ಎಮ್ಮೆ ಪಾಲಲ್ಲಿ ಅಣ್ಣನ ಕುಟೆ ಜಗಳಾಡ್ಕಂಡು, ಎಮ್ಮೆ ಹೊಡ್ಕಂಡು ಹರವೆಗೆ ಹೋದ. ಅಲ್ಲಿ ಮನೆ ಅಳಿಯ ಆದ. ಅಣ್ಣನ ಮ್ಯಾಲಿನ ಸಿಟ್ಗೆ ತನ್ ಬೆಡಗು ಬುಟ್ಟು ಮಾವನ ಬೆಡಗೇ ಹೇಳ್ಕಂಡ. ಅದ್ಕೇ ಹರವೇಲಿ ನಾವು ಮಲ್ಲನಿಂದ ಈಚೆಗೇ ಓದೋದು. ಮಲ್ಲನ ಮಗ ಎಮ್ಮೆ ಸಿದ್ದ, ಎಮ್ಮೆ ಸಿದ್ದನ ಮಗ ಕರಿಯ, ಕರಿಯನ ಮಗ ಮರಿಸಿದ್ದ, ಮರಿಸಿದ್ದನ ಮಗ ಹರವೆ ನಾಗಯ್ಯ, ಅವನ ಮಗ ಮಾದೇಶ. ಇಲ್ಗೆ ವಯಿ ಸಂಪೂರ್ಣ."

ದೊಡ್ಡಯ್ಯ ವಹಿಗೆ ಕೈಮುಗಿದು ಮುಚ್ಚಿದ. ಅಂಗಳದಲ್ಲಿ ಎಲ್ಲರೂ ಬೆರಳು ಮಡಿಸಿ ಲೆಕ್ಕ ಹಾಕಿದರು. ಒಂದೇ ಮೂಲಪುರುಷ ಅಂದರೆ ಒಂದೇ ಬೆಡಗು, ಕುಲದ ಒಂದೇ ಕವಲು. ಒಂದೇ ಬೆಡಗು ಅಂದರೆ ದಾಯಾದಿಗಳು. ದಾಯಾದಿಗಳ ಮಕ್ಕಳು ಅಂದರೆ ಅಣ್ಣ ತಂಗಿ. ಇದು ಹಾಲು ಕುಡಿಯುವ ಮಗುವಿಗೂ ಗೊತ್ತು.

ನಾಗಯ್ಯ ಕಾಫಿ ಲೋಟ ಕೆಳಗಿಟ್ಟರು. "ದಾಖಲೆ ಖಡಾಖಂಡಿತ ಇದೆ. ಪುಟ್ಟಮಾದು ಅವರೇ, ನೀವು ನನಗೆ ತಮ್ಮ ಆಗ್ಬೇಕು. ಸಂಬಂಧ ಸಾಧ್ಯವಿಲ್ಲ. ಏಳಪ್ಪ ಮಾದೇಶ."

ಮಾದೇಶ ಏಳಲಿಲ್ಲ. ಅವನು ಬಾಯಿಬಿಟ್ಟು ಮಾತಾಡಿದ್ದನ್ನು ಹರವೆಯವರೇ ಹೆಚ್ಚು ಕೇಳಿರಲಿಲ್ಲ. ಆವತ್ತು ಮಾತಾಡಿದ. "ಅಪ್ಪ, ನೀವು ಕುಲ ಕುಲ ಅಂತ ಇಪ್ಪತ್ಮೂರು ಮನೆ ಉಪ್ಪಿಟ್ಟು ತಿನ್ಸಿದ್ರಿ. ಇದು ಇಪ್ಪತ್ನಾಲ್ಕನೇದು. ಇಲ್ಲಿಂದ ಎದ್ರೆ ಇನ್ನು ಈ ಜಲ್ಮದಲ್ಲಿ ಯಾವ್ ಮನೆ ಉಪ್ಪಿಟ್ಟೂ ತಿನ್ನಲ್ಲ."

ಒಳಗಿನಿಂದ ಕುಮಾರಿಯ ಬಿಕ್ಕಳಿಕೆ ಕೇಳಿಸಿತು. ಪುಟ್ಟಮಾದು ಕಂಬ ಹಿಡಿದು ಕೂತುಬಿಟ್ಟ. ದಿನವೆಲ್ಲ ತಿರುಗಿ, ತಳ್ಳಿ, ಬೆವರಿ, ಮಗಳ ಮದುವೆಯನ್ನು ತನ್ನ ಕೈಯಾರೆ ತಾನೇ ಹೊತ್ತು ತಂದು ಬಾವಿಗೆ ಹಾಕಿದ್ದ.

ಆಗ ಮರಿತಾಯಮ್ಮ ಎದ್ದಳು. ನಡುಮನೆಯ ಗೂಡಿನಲ್ಲಿ ಹಿರೀಕರ ಹೆಸರಿಗೆ ಇಟ್ಟ ದೀಪದ ಮುಂದೆ ಹೋಗಿ ನಿಂತು ಕೆನ್ನೆ ಬಡಿದುಕೊಂಡಳು. "ತಪ್ಪಾಯ್ತು ಕಣವ್ವ. ಮೊಮ್ಮಗಳ ಮಕ ನೋಡಿ ನನ್ನ ಕ್ಷಮಿಸ್ಬುಡು," ಅಂದದ್ದು ಪುಟ್ಟಮಾದುವಿಗೆ ಮಾತ್ರ ಕೇಳಿಸಿತು. ಆಮೇಲೆ ಅಂಗಳಕ್ಕೆ ಬಂದು ಸೆರಗು ಸೊಂಟಕ್ಕೆ ಸಿಕ್ಕಿಸಿದಳು.

"ನಾಗಯ್ಯಾರೇ, ಕೂತ್ಕಳಿ. ಹೆಳವ ಬರ್ಕಂಡಿರೋದು ಊರ್ ಬಾಯಿ ಮಾತು. ಮನೆ ಗುಟ್ಟು ಮನೆ ಸೊಸೇರಿಗೆ ಮಾತ್ರ ಗೊತ್ತಿರ್ತದೆ. ಮಾದ ಬಸವನ ಮಗ ಅಲ್ಲ. ದೊರೆ ಮಗ. ಬೇಕಾದ್ರೆ ನನ್ ಮಗನ ಕಣ್ ನೋಡ್ಕಳಿ."

"ಅವ್ವಾ," ಅಂದ ಪುಟ್ಟಮಾದು.

"ನೀನ್ ಬಾಯ್ ಮುಚ್ಕ ದೊರೆ ಮೊಮ್ಮಗನೇ."

ಗೇಟಿನಾಚೆ ಸ್ಟೂಲು ಉರುಳಿದ ಸದ್ದಾಯಿತು. ಮೇಷ್ಟರು ನೋಟ್‌ಬುಕ್ಕು ಎತ್ತಿ ಹಿಡಿದುಕೊಂಡು ಒಳಗೆ ಬಂದರು. "ನಾನು ಬೆಳಿಗ್ಗೇನೇ ಹೇಳ್ಲಿಲ್ವಾ? ಬೇಗೂರಿನವರು ದೊರೆ ವಂಶ, ಹರವೆಯವರು ದೊಡ್ಡಚೆನ್ನನ ವಂಶ. ನೆಂಟಸ್ತನಕ್ಕೆ ಒಂದು ಕೂದಲೂ ಅಡ್ಡ ಇಲ್ಲ."

ನಾಗಯ್ಯ ಜೇಬಿನ ಪೆನ್ನು ತೆಗೆದು ಮುಚ್ಚಳ ಬಿಚ್ಚಿ ಮತ್ತೆ ಹಾಕಿದರು. ಬೆಳಿಗ್ಗೆ ಬೇಡವೆಂದ ದೊರೆಯನ್ನು ಸಂಜೆ ಒಪ್ಪಿಕೊಳ್ಳಬೇಕಾದರೆ ಅದಕ್ಕೊಂದು ಕಾನೂನು ಬೇಕು. "ಆ ದೊರೆ ಏನು ಕೆಲಸದಲ್ಲಿದ್ದ?"

"ಎಂಜಿನಿಯರು," ಅಂದರು ಮೇಷ್ಟರು.

"ಗೆಜೆಟೆಡ್ಡಾ?"

"ಆ ಕಾಲದಲ್ಲಿ ಅವರೇ ಗೆಜೆಟ್ಟು."

"ಹಂಗಾದ್ರೆ ಸರಿ. ನೂರು ವರ್ಷದಿಂದ ಈ ಕುಲದಲ್ಲಿ ಸ್ವಾಧೀನಾನುಭವದಲ್ಲಿ ಇದ್ದಾರೆ. ಬಗರ್‌ಹುಕುಂ ಜಮೀನನ್ನೇ ಸಕ್ರಮ ಮಾಡಿಕೊಡ್ತಾರೆ. ಇದನ್ನೂ ಸಕ್ರಮ ಮಾಡನ. ಎಲ್ಲಮ್ಮಾ ಕಾಫಿ? ಬಿಸಿದು ತನ್ನಿ."

ಶಾಂತಮಲ್ಲಮ್ಮ ಕಾಫಿ ತರುವುದಕ್ಕೂ ಮನೆಯ ಮುಂದೆ ಅಂಬಾಸಿಡರ್ ಕಾರು ನಿಲ್ಲುವುದಕ್ಕೂ ಸರಿಹೋಯಿತು. ಉದ್ದನೆಯ, ಕೆಂಪು ಮುಖದ, ಅರವತ್ತು ದಾಟಿದ ಹಾರ್ಟ್ಲಿ ದೊರೆ ಬಾಗಿಲ ಮೇಲಿನ ತೊಲೆಗೆ ತಲೆ ಬಡಿಸಿಕೊಂಡು ನಗುತ್ತಾ ಒಳಗೆ ಬಂದ. ಮೇಷ್ಟರು ಇಂಗ್ಲಿಷಿನಲ್ಲಿ ಮಾತಾಡಿಸಿದರು. ದೊರೆ ಏನೋ ಉದ್ದಕ್ಕೆ ಹೇಳಿದ. ಹೇಳುತ್ತಾ ಹೇಳುತ್ತಾ ಜೇಬಿನಿಂದ ಸರಪಳಿ ಹಾಕಿದ ಒಂದು ಚಿನ್ನದ ಗಡಿಯಾರ ತೆಗೆದ. ಮೇಷ್ಟರ ಮುಖ ನಿಧಾನವಾಗಿ ಬಿಳಿಚಿತು. ಪುಟ್ಟಮಾದುವನ್ನು ತುಳಸಿಕಟ್ಟೆಯ ಹಿಂದಕ್ಕೆ ಎಳೆದುಕೊಂಡು ಹೋದರು.

"ಸ್ವಲ್ಪ ಎಡವಟ್ಟಾಗಿದೆ ಪುಟ್ಟಮಾದು. ಮಾದ ದೊರೆ ಮಗ ಅಲ್ವಂತೆ. ಇಬ್ಬರಿಗೂ ಎರಡೇ ವರ್ಷ ವ್ಯತ್ಯಾಸವಂತೆ. ಮಾದ ಅವರ ಅಡಿಗೆಯವನಂತೆ."

"ಅಡಿಗೆಯವನಾ?"

"ದೊರೆಗೆ ಜ್ವರ ಬಂದು ಸಾಯೋ ಹಾಗಾದಾಗ ನಿಮ್ಮ ಮುತ್ತಾತ ಅವನನ್ನ ಬೆನ್ನ ಮೇಲೆ ಹೊತ್ಕೊಂಡು ಗುಂಡ್ಲುಪೇಟೆ ತನಕ ನಡೆದು ಡಾಕ್ಟರಿಗೆ ತೋರಿಸಿದನಂತೆ. ಈ ಗಡಿಯಾರ ನಿನಗೇ ಅಂತ ದೊರೆ ಮಾತು ಕೊಟ್ಟಿದ್ದನಂತೆ. ಅಷ್ಟರಲ್ಲಿ ವರ್ಗ ಆಯ್ತಂತೆ. ಆ ಮಾತು ತೀರಿಸೋಕೆ ಇವನು ಬಂದಿದ್ದಾನೆ. ಅಡಿಗೆ ಮಾದನ ಮರಿಮಗ ಯಾರು ಅಂತ ಕೇಳ್ತಿದ್ದಾನೆ. ಕೈಯೆತ್ತಿದ್ರೆ ಗಡಿಯಾರ ನಿಂದು."

ಪುಟ್ಟಮಾದು ದೊರೆಯ ಅಂಗೈಯನ್ನು ನೋಡಿದ. ಗಡಿಯಾರ ಸಂಜೆ ಬಿಸಿಲಿಗೆ ಹೊಳೆಯುತ್ತಿತ್ತು. ಜ್ವರದವನನ್ನು ಬೆನ್ನಿಗೆ ಹಾಕಿಕೊಂಡು ಅಷ್ಟು ದೂರ ನಡೆದ ಮುತ್ತಾತನನ್ನು ನೆನೆದು ಅವನಿಗೆ ಎದೆ ತುಂಬಿ ಬಂತು. ತಾನೂ ಅವತ್ತು ಗುಂಡ್ಲುಪೇಟೆ ಕಡೆಗೇ ಹೆಳವನನ್ನು ತಳ್ಳಿಕೊಂಡು ಬಂದಿದ್ದ. ರಕ್ತ ಅಂದರೆ ಇದು. ನಾನೇ ಸ್ವಾಮಿ ಅವನ ಮರಿಮಗ ಎಂದು ಕೂಗಬೇಕೆನ್ನಿಸಿತು. ಆದರೆ ಅಡಿಗೆ ಮಾದನ ಮರಿಮಗನಾದರೆ ಬಸವನ ವಂಶ. ಬಸವನ ವಂಶವಾದರೆ ನಾಗಯ್ಯ ಅಣ್ಣ. ಅಡಿಗೆಮನೆಯ ಬಾಗಿಲ ಸಂದಿಯಿಂದ ಕುಮಾರಿ ಕಣ್ಣೊರೆಸಿಕೊಂಡು, ನಗು ತಡೆಯಲಾರದೆ ಇವನನ್ನೇ ನೋಡುತ್ತಿದ್ದಳು.

"ಮೇಷ್ಟ್ರೇ, ಅಡಿಗೆ ಮಾದನ ವಂಶದೋರು ಒಬ್ರೂ ಉಳಿದಿಲ್ಲ ಅಂತ ಹೇಳ್ಬುಡಿ," ಅಂದ ಪುಟ್ಟಮಾದು.

ಮೇಷ್ಟರು ಅವನ ಭುಜ ತಟ್ಟಿದರು. ಕುಮಾರಿ ಅವರ ಶಿಷ್ಯೆ. ದೊರೆಗೆ ಇಂಗ್ಲಿಷಿನಲ್ಲಿ ಅದನ್ನೇ ಹೇಳಿದರು. ದೊರೆ ಬೇಸರದಿಂದ ತಲೆ ಆಡಿಸಿದ.

"ಏನಂತೆ?" ಅಂದರು ನಾಗಯ್ಯ.

"ವಂಶದ ಕುಡಿ ನೋಡಿ ಗಂಟಲು ಕಟ್ಟಿದೆಯಂತೆ," ಅಂದರು ಮೇಷ್ಟರು.

ನಾಗಯ್ಯ ಕೂಡಲೇ ಎದ್ದು ದೊರೆಯ ಕೈ ಹಿಡಿದು ಹೆಣ್ಣಿನ ಕಡೆ ಹಿರಿಯನೆಂದು ಜಮಖಾನದ ನಡುವೆ ಕೂರಿಸಿದರು. ಹಣೆಗೆ ಕುಂಕುಮ ಬಿತ್ತು, ಹೆಗಲಿಗೆ ಶಲ್ಯ ಬಂತು. ಅಲ್ಲೇ ವೀಳ್ಯಶಾಸ್ತ್ರ ನಡೆದುಹೋಯಿತು. ಹೆಣ್ಣಿನ ಕಡೆಯ ತಟ್ಟೆಯನ್ನು ಹಾರ್ಟ್ಲಿ ದೊರೆಯೇ ಎರಡೂ ಕೈಯಲ್ಲಿ ಹಿಡಿದು ನಾಗಯ್ಯನವರಿಗೆ ಕೊಟ್ಟ. ಈ ದೇಶದಲ್ಲಿ ಅತಿಥಿಗಳನ್ನು ಹೀಗೇ ಕಾಣುತ್ತಾರೆಂದು ಅವನು ತಿಳಿದಿರಬೇಕು, ಬಹಳ ಸಂತೋಷದಿಂದ ಕೊಟ್ಟ. ಎರಡು ತಟ್ಟೆ ಉಪ್ಪಿಟ್ಟು ತಿಂದ. ಮರಿತಾಯಮ್ಮ ಅವನ ನೆಟಿಗೆ ಮುರಿದು, "ನಮ್ ಮೈದುನ ಕಣ್ರಪ್ಪ, ಚೆನ್ನಾಗಿ ಬಡಿಸಿ" ಅಂದಳು. ದೊಡ್ಡಯ್ಯ ಲೂನಾದ ಮೇಲೇ ಕೂತು ಉಂಡು, ವಹಿಯಲ್ಲಿ ಒಂದು ಹೆಸರು ಹೊಡೆದು ಇನ್ನೊಂದು ಬರೆಯಲು ಇನ್ನೊಂದು ಕಂಬಳಿ ಕೇಳಿದ. ಕೊಡಬೇಕಾಯಿತು.

ಕುಮಾರಿಯ ಮದುವೆ ಆ ವೈಶಾಖದಲ್ಲಿ ಜೋರಾಗಿ ಆಯಿತು. ಮೇಷ್ಟರ ಪುಸ್ತಕಕ್ಕೆ ಒಂದು ಅಧ್ಯಾಯ ಸಿಕ್ಕಿತು. ಎಲ್ಲರಿಗೂ ಒಳ್ಳೆಯದೇ ಆಯಿತು.

ಇನ್ನು ಗಡಿಯಾರ. ವಾರಸುದಾರರು ಸಿಗಲಿಲ್ಲವಾದ್ದರಿಂದ ದೊರೆ ಅದನ್ನು ಅಡಿಗೆ ಮಾದನ ನೆನಪಿಗೆ ಅಂತ ಹೈಸ್ಕೂಲಿಗೆ ಕೊಟ್ಟು ಹೋದ. ಆ ಮಾದ ಯಾರೋ ಬೇರೆಯವನೆಂದು ಊರು ತಿಳಿಯಿತು. ಹೆಡ್‌ಮಾಸ್ಟರು ತಮ್ಮ ಮೇಜಿನ ಮೇಲೆ ಗಾಜಿನ ಪೆಟ್ಟಿಗೆಯಲ್ಲಿ ಅದನ್ನಿಟ್ಟು, ಬೀಗ ಹಾಕಿ, ಇನ್ನು ಮೇಲೆ ಶಾಲೆ ಗಂಟೆ ಇದರ ಪ್ರಕಾರವೇ ಹೊಡೆಯತಕ್ಕದ್ದು ಎಂದು ಸುತ್ತೋಲೆ ಹೊರಡಿಸಿದರು. ದಿನಾ ಬೆಳಿಗ್ಗೆ ಬೀಗ ತೆಗೆಸಿಕೊಂಡು ಅದಕ್ಕೆ ಕೀ ಕೊಡುವ ಕೆಲಸ ಪುಟ್ಟಮಾದುವಿನ ಪಾಲಿಗೆ ಬಂತು. ನೂರು ವರ್ಷದ ಗಡಿಯಾರ, ದಿನಕ್ಕೆ ಹತ್ತು ನಿಮಿಷ ಹಿಂದೆ ಬೀಳುತ್ತದೆ. ಗಂಟೆ ತಡವಾಗುತ್ತದೆ. ಪುಟ್ಟಮಾದು ಅದನ್ನು ಅಂಗೈಯಲ್ಲಿಟ್ಟುಕೊಂಡು ಬೇಕಾದದ್ದಕ್ಕಿಂತ ಸ್ವಲ್ಪ ಹೆಚ್ಚು ಹೊತ್ತೇ ಒರೆಸುತ್ತಾನೆ. ಅದನ್ನು ಕಂಡಾಗಲೆಲ್ಲ ಹೆಡ್‌ಮಾಸ್ಟರು ಕನ್ನಡಕದ ಮೇಲಿಂದ ನೋಡಿ ಗದರುತ್ತಾರೆ.

"ಏನಯ್ಯಾ ಪುಟ್ಟಮಾದು, ಅದೇನು ನಿಮ್ಮ ಮುತ್ತಾತನ ಗಂಟು ಅಂದ್ಕೊಂಡಿದ್ದೀಯಾ? ಇಡು ಕೆಳಗೆ."

"ಇಲ್ಲ ಸಾರ್," ಎಂದು ಪುಟ್ಟಮಾದು ಇಟ್ಟು, ಹೊರಗೆ ಹೋಗಿ ಗಂಟೆ ಹೊಡೆಯುತ್ತಾನೆ.